ಕೊನೆಯ ಸೀಟಿನ ಗಿಡ

ನಮ್ಮ ಮನೆಯವರು ಬಸ್ಸಿನಿಂದ ಇಳಿಯುವುದನ್ನು ನೀವೊಮ್ಮೆ ನೋಡಬೇಕು. ಎಲ್ಲರೂ ಇಳಿದ ಮೇಲೆ ಬಾಗಿಲ ಬಳಿ ತಿರುಗಿ ನಿಂತು, ಮುಂದಿನ ಸೀಟಿನಿಂದ ಹಿಂದಿನ ಸೀಟಿನವರೆಗೆ ಕಣ್ಣಾಡಿಸಿ, ಬಗ್ಗಿ ಸೀಟಿನ ಬುಡವನ್ನೂ ನೋಡಿ, ಆಮೇಲೆ ಕಾಲು ಕೆಳಗಿಡುತ್ತಾರೆ. ಕಂಡಕ್ಟರ್ ಕೆಲಸದಿಂದ ನಿವೃತ್ತರಾಗಿ ನಾಲ್ಕು ವರ್ಷವಾಯಿತು, ಚಟ ಮಾತ್ರ ನಿವೃತ್ತಿ ತೆಗೆದುಕೊಂಡಿಲ್ಲ. ಈಗಿನ ಕಂಡಕ್ಟರುಗಳು "ಯಜಮಾನ್ರ, ಇಳೀತೀರೋ ಇಲ್ಲೋ" ಎಂದು ಸಿಡುಕುತ್ತಾರೆ. ನಾನು ಕೆಳಗಿನಿಂದ ಅಂಗಿ ಹಿಡಿದು ಎಳೆಯುತ್ತೇನೆ.

ಹೆಸರು ದೇವಾನಂದ. ಇಟ್ಟಂಗಿಹಾಳ ರಸ್ತೆಯ ನಮ್ಮ ಮನೆಯಿಂದ ಸಿದ್ಧೇಶ್ವರ ಗುಡಿಯ ಬಜಾರದವರೆಗೆ ಹೋಗಿ, ಗ್ಯಾಸ್ ಬಂದ್ ಮಾಡಿದ್ದೇವೋ ಇಲ್ಲವೋ ಎಂದು ಕಾಯಿಪಲ್ಲೆ ಕೊಳ್ಳದೆ ತಿರುಗಿ ಬಂದ ಮನುಷ್ಯ. ಚಿಂತೆ ಇಲ್ಲದವನಿಗೆ ಸಂತೆಯಲ್ಲೂ ನಿದ್ದೆ ಎನ್ನುತ್ತಾರೆ. ಇವರಿಗೆ ಹಾಸಿಗೆಯಲ್ಲೂ ಸಂತೆ. ನಾನು ಸರಕಾರಿ ನರ್ಸು. ಬಬಲೇಶ್ವರ ತಾಲೂಕಿನ ಹಳ್ಳಿಗಳಲ್ಲಿ ಬಿ.ಪಿ., ಸಕ್ಕರೆ ನೋಡಿ ಗುಳಿಗೆ ಕೊಡುವುದು ನನ್ನ ಕೆಲಸ. ಎಷ್ಟೋ ಜನರ ಬಿ.ಪಿ. ಇಳಿಸಿದ್ದೇನೆ, ಮನೆಯೊಳಗಿನದು ಮಾತ್ರ ನನ್ನ ಕೈಗೆ ಸಿಕ್ಕಿಲ್ಲ.

ಹನ್ನೆರಡು ವರ್ಷದ ಹಿಂದೆ ಇವರು ವಿಜಯಪುರದಿಂದ ತಿಕೋಟಾ, ಬಬಲೇಶ್ವರ ಹಾಯ್ದು ನಿಡೋಣಿಗೆ ಹೋಗುವ ಬಸ್ಸಿನಲ್ಲಿದ್ದರು. ತಿಕೋಟಾದ ಚಮನಸಾಬರು ಡ್ರೈವರ್. ಒಂದು ಸಂಜೆ ನಿಡೋಣಿಯಲ್ಲಿ ಎಲ್ಲರೂ ಇಳಿದ ಮೇಲೆ ನೋಡಿದರೆ ಕೊನೆಯ ಸೀಟಿನ ಮೇಲೆ ಒಂದು ಹಳದಿ ಬಟ್ಟೆಯ ಚೀಲ. ಒಳಗೆ ಒದ್ದೆ ಅರಿವೆಯಲ್ಲಿ ಸುತ್ತಿದ ಒಂದು ಗಿಡದ ಬುಡ, ಅದಕ್ಕೆ ಜೋಳದ ಗರಿಯಂಥ ಉದ್ದನೆಯ ನಾಲ್ಕು ಎಲೆ. ಬಾಗಿಲಲ್ಲಿ ನಿಂತು "ಚೀಲ ಯಾರದ್ರೀ" ಎಂದು ಗಂಟಲು ಹರಿಯುವಂತೆ ಕೂಗಿದರಂತೆ. ಹೋಗುವವರು ಯಾರೂ ತಿರುಗಲಿಲ್ಲ. ಡಿಪೋಕ್ಕೆ ಒಯ್ದು ಒಪ್ಪಿಸಿದರೆ ಅಲ್ಲಿನ ಗುಮಾಸ್ತ, "ಛತ್ರಿ, ಚಪ್ಪಲಿ ಆದ್ರ ಬರಕೊಳ್ತೇನ್ರಿ. ಗಿಡ ಹೆಂಗ ಬರಕೊಳ್ಳಿ? ಒಗೀರಿ ಅತ್ಲಾಗ" ಎಂದ.

ಮುಂದಿನ ವಾರ ಇವರಿಗೆ ಸೊಲ್ಲಾಪುರದ ರೂಟು ಬಿತ್ತು. ಗಿಡ ಒಣಗುವುದು ಬೇಡವೆಂದು ಚಮನಸಾಬರು ಅದನ್ನು ತಿಕೋಟಾದ ತಮ್ಮ ಹಿತ್ತಲಲ್ಲಿ ಹಚ್ಚಿ, ಮಾಲಕರನ್ನು ನಾನು ವಿಚಾರಿಸುತ್ತೇನೆ ಎಂದರು. ಖಾಲಿ ಚೀಲ ನಮ್ಮ ಮನೆಗೆ ಬಂತು. ನನ್ನ ಮದುವೆಯ ಸೀರೆ ಇರುವ ಟ್ರಂಕಿನಲ್ಲೇ ಅದಕ್ಕೆ ಜಾಗ ಸಿಕ್ಕಿತು!

ಎರಡನೆಯ ವರ್ಷ ಗಿಡ ಹೂ ಬಿಟ್ಟಿತು. ಲೋಳೆಸರದ ಹೂವಿನ ಹಾಗೆ ನೀಳವಾದ ದಂಟು, ತುದಿಗೆ ಗೊಂಚಲು, ಮೇಲೆ ಕೆಂಪು, ಕೆಳಗೆ ಹಳದಿ. ನರ್ಸರಿಯವನೊಬ್ಬ ಫೋಟೋ ನೋಡಿ ಅದಕ್ಕೆ ರೆಡ್ ಹಾಟ್ ಪೋಕರ್ ಎನ್ನುತ್ತಾರೆ, ತಂಪು ಗುಡ್ಡದ ಗಿಡ, ನಿಮ್ಮಲ್ಲಿ ಬದುಕಿದ್ದೇ ಹೆಚ್ಚು ಎಂದ. ಚಮನಸಾಬರ ಹೆಂಡತಿ ಜುಲೇಖಾ ದೀವಟಿಗೆ ಹೂ ಎಂದು ಹೆಸರಿಟ್ಟಳು. ನಮಗೂ ಅದೇ ರೂಢಿಯಾಯಿತು. ಇವರು ವರ್ಷಕ್ಕೆ ನಾಲ್ಕು ಸಲ ಚಮನಸಾಬರಿಗೆ ಫೋನು ಮಾಡಿ ಮಾಲಕರು ಸಿಕ್ಕರೇ ಎಂದು ಕೇಳುವುದು, ಅವರು "ಕೇಳೀನಿ ದೇವಾ, ಯಾರೂ ನಮ್ದು ಅನ್ನವಲ್ರು" ಎನ್ನುವುದು, ಹೀಗೇ ಹನ್ನೊಂದು ವರ್ಷ ನಡೆಯಿತು.

ಹೋದ ವರ್ಷ ಮೇ ತಿಂಗಳಲ್ಲಿ ಚಮನಸಾಬರು ನಮ್ಮ ಮನೆಗೆ ಬಂದರು. ಹಜ್ಜಿಗೆ ಹೊರಟಿದ್ದರು, ಗಂಡ ಹೆಂಡತಿ ಇಬ್ಬರೂ. ಹೊರಡುವ ಮುನ್ನ ಪರಿಚಯದವರ ಮನೆಮನೆಗೆ ಹೋಗಿ ತಪ್ಪಾಗಿದ್ದರೆ ಕ್ಷಮಿಸಿ ಎಂದು ಕೇಳುವುದು ಅವರಲ್ಲಿ ಪದ್ಧತಿ. ನಾನು ಚಹಾ ತಂದಿಟ್ಟೆ, ಮುಟ್ಟಲಿಲ್ಲ.

"ದೇವಾ, ನಿನ್ನ ಹಂತ್ಯಾಕ ಒಂದ್ ಸುಳ್ಳು ಹೇಳೀನಿ. ಅದನ್ನ ಮಾಫ್ ಮಾಡಬೇಕು" ಎಂದರು.

"ಏನ್ ಸುಳ್ಳು ಚಮನಣ್ಣಾ?"

"ಆ ಗಿಡದ ಮಾಲಕರನ್ನ ನಾ ಒಬ್ಬರನ್ನೂ ಕೇಳಿಲ್ಲ. ಮೊದಲ ಮರತ್ನಿ. ಆಮ್ಯಾಲ ಜುಲೇಖಾ ದಿನಾ ನೀರು ಹಾಕಿ, ಮಾತಾಡ್ಸಿ, ಅದು ಹೂ ಬಿಟ್ಟ ಕೂಡ್ಲೆ ಓಣಿ ಮಂದೀನೆಲ್ಲಾ ಕರದು ತೋರ್ಸಿದ್ಳು. ಇನ್ನ ಕೇಳಿದ್ರ ಕೊಡಬೇಕಾಗ್ತೈತಿ ಅಂತ ಬಾಯಿ ಮುಚ್ಚಿಕೊಂಡು ಕುಂತ್ನಿ."

ಹನ್ನೊಂದು ವರ್ಷ ಇವರು ನಂಬಿಕೊಂಡಿದ್ದ ಹುಡುಕಾಟ ನಡೆದೇ ಇರಲಿಲ್ಲವಲ್ಲ! ನನಗಂತೂ ಆ ಚಹಾದ ಕಪ್ಪು ತಿರುಗಿ ಒಳಗೆ ಒಯ್ಯಬೇಕೆನಿಸಿತು. ಆದರೆ ಚಮನಸಾಬರ ಮಾತು ಇನ್ನೂ ಮುಗಿದಿರಲಿಲ್ಲ.

"ಬ್ಯಾರೇದವರ ವಸ್ತು ಮನ್ಯಾಗ ಇಟ್ಕೊಂಡು ಅರಫಾತಿನ ಬಯಲಿನ್ಯಾಗ ಯಾವ ಮುಖ ಹೊತ್ತು ನಿಂದರ್ಲಿ? ಅಲ್ಲಾಹ್ ಮಾಫ್ ಮಾಡಬೇಕಾದ್ರ ಮೊದ್ಲ ಮಾಲಕರು ಮಾಡಬೇಕು. ನನಗ ವ್ಯಾಳ್ಯಾ ಇಲ್ಲ, ನಾಲ್ಕು ದಿನದಾಗ ಹೊಂಟೇನಿ. ಗಿಡ ಅಗದು ಒಯ್ಯಿ. ಅರಫಾತಿನ ದಿನದೊಳಗ ಅವರನ್ನ ಹುಡುಕಿ, ಜೀವ ಇರೂ ಗಿಡ ಅವರ ಕೈಯಾಗ ಕೊಟ್ಟು, ಮಾಫ್ ಅನಿಸಿ ಕೊಡು."

ಅರಫಾತಿನ ದಿನವೆಂದರೆ ಹಾಜಿಗಳೆಲ್ಲ ಒಂದೇ ಬಯಲಿನಲ್ಲಿ ನಿಂತು ಕ್ಷಮೆ ಬೇಡುವ ದಿನ. ಹಜ್ಜಿಗೆ ಅದೇ ಜೀವಾಳವಂತೆ. ಕ್ಯಾಲೆಂಡರ್ ನೋಡಿದರೆ ಇಪ್ಪತ್ತೇಳು ದಿನ ಉಳಿದಿತ್ತು. ಅವರು ಹೋದ ಮೇಲೆ ನಾನು ಸಿಟ್ಟು ತಡೆಯಲಿಲ್ಲ. "ನಾವು ಬುದ್ಧನ ಮುಂದ ಕೈ ಮುಗಿಯೋರು. ಅವರ ಹಜ್ಜಿನ ಭಾರ ನಿಮ್ಮ ತಲಿಮ್ಯಾಲ ಯಾಕ್ರಿ?"

"ಪಂಚಶೀಲದಾಗ ಏನ್ ಹೇಳ್ಯಾರ? ಕೊಡದ ವಸ್ತು ತಗೋಬಾರದು. ಚೀಲ ಮೊದಲ ಎತ್ತಿದಾಂವ ನಾನು" ಎಂದರು.

ಮರುದಿನ ತಿಕೋಟಾಕ್ಕೆ ಹೋದೆವು. ಇಂಥ ಕೆಲಸಕ್ಕೆ ಹೋಗುವ ಬೇರೆ ಮನುಷ್ಯರು ಸಲಿಕೆ, ಚಾಕು, ಗೋಣಿತಟ್ಟು ಇಷ್ಟು ಒಯ್ಯುತ್ತಾರೆ. ಇವರು ಆಸ್ಪತ್ರೆಯ ಹತ್ತಿ, ಡೆಟ್ಟಾಲ್ ಸಹ ತೆಗೆದುಕೊಂಡಿದ್ದರು. ರಾತ್ರಿಯೆಲ್ಲ ಮೊಬೈಲಿನಲ್ಲಿ ವಿಡಿಯೋ ನೋಡಿ ಇನ್ನಷ್ಟು ಹೆದರಿದ್ದರು. ಈ ಗಿಡಕ್ಕೆ ಜಾಗ ಬದಲಿಸುವುದೇ ಆಗಿಬರುವುದಿಲ್ಲವಂತೆ. ಕಿತ್ತರೂ ತಂಪು ಕಾಲದಲ್ಲಿ ಕೀಳಬೇಕಂತೆ. ಹೊರಗೆ ನಲವತ್ತೊಂದು ಡಿಗ್ರಿ ಬಿಸಿಲು.

ಜುಲೇಖಾ ಬಾಗಿಲಲ್ಲಿ ನಿಂತಿದ್ದಳು. ಸಲಿಕೆ ನೆಲಕ್ಕೆ ತಾಗಿದ್ದೇ ಒಳಗೆ ಹೋದಳು. ಗಿಡದ ಬುಡದಿಂದ ಒಂದು ಮೊಳ ದೂರ ಸುತ್ತ ಅಗೆದು ಇಡೀ ಮುದ್ದೆಯನ್ನು ಎತ್ತಿದಾಗ ನಮಗೆ ತಿಳಿದದ್ದು, ಹನ್ನೊಂದು ವರ್ಷದಲ್ಲಿ ಒಂದು ಗಿಡ ಒತ್ತೊತ್ತಾಗಿ ಮರಿ ಹಾಕಿ ಗುಂಪಾಗಿದೆ ಎಂದು. ಮಣ್ಣು ಉದುರಿಸಿ, ಬೇರು ಹರಿಯದಂತೆ ಚಾಕುವಿನಿಂದ ಸೀಳಿದರು. ಒಂದೊಂದಕ್ಕೂ ಮೂರು ಸುಳಿ, ಸಾಕಷ್ಟು ಬೇರು. ನಾಲ್ಕು ಭಾಗವಾಯಿತು. ನೀರು ಆರಬಾರದೆಂದು ಎಲೆಗಳನ್ನು ಅರ್ಧಕ್ಕೆ ಕತ್ತರಿಸಿ, ಹಸಿ ಗೋಣಿತಟ್ಟಿನಲ್ಲಿ ಸುತ್ತಿದರು.

"ಜುಲೇಖಾ, ಒಂದು ಮರಿ ನೀ ಇಟ್ಕೊ. ಯಾರಿಗೆ ತಿಳೀತೈತಿ?" ಎಂದೆ.

"ಬ್ಯಾಡಕ್ಕಾ. ಮಾಲಕರು ತಾವಾಗೇ ಕೊಟ್ರ ತಗೋತೀನಿ" ಎಂದಳು. ಗುಂಡಿಯನ್ನು ತಾನೇ ಮಣ್ಣೆಳೆದು ಮುಚ್ಚಿದಳು. ಕಣ್ಣು ಕೆಂಪಾಗಿದ್ದವು.

ಬಸ್ಸಿನಲ್ಲಿ ನಾಲ್ಕೂ ಗಿಡ ಇವರ ತೊಡೆಯ ಮೇಲೆ. ಮನೆಗೆ ಬಂದು ಮೂರನ್ನು ಹಿತ್ತಲ ಮಡಿಯಲ್ಲಿ ಹಚ್ಚಿದರು. ನಮ್ಮದು ಎರೆ ಮಣ್ಣು, ನೀರು ಹಿಡಿದರೆ ಬಿಡುವುದಿಲ್ಲ. ಗರಸು, ಅಂದರೆ ಸಣ್ಣ ಕಲ್ಲಿನ ಮಣ್ಣು, ಬೆರೆಸಿ ಸುಳಿ ಮುಳುಗದಷ್ಟು ಮೇಲಕ್ಕೆ ಹಚ್ಚಬೇಕು. ಅದು ಇವರಿಗೆ ಗೊತ್ತಿತ್ತು. ಆದರೆ ಮನೆಯಲ್ಲಿ ಇದ್ದ ಗರಸು ಒಂದೇ ಬುಟ್ಟಿ. ಅದನ್ನು ನಾಲ್ಕನೆಯದಕ್ಕೆ ಹಾಕಿ, ಹಳೆಯ ಎಣ್ಣೆ ಡಬ್ಬಿಯಲ್ಲಿ ಹಚ್ಚಿ ಗೋಡೆಯ ನೆರಳಿಗೆ ಇಟ್ಟರು. ಮೇಲೆ ನನ್ನ ಹಳೆಯ ಸೀರೆಯ ಚಪ್ಪರ. ಬೆಳಗಾದರೆ ಒಂದೊಂದು ಸುಳಿಯ ಮುಂದೆ ಕುಕ್ಕರಗಾಲಲ್ಲಿ ಕುಳಿತು, ಮುಟ್ಟಿದರೂ ಮುಟ್ಟದಂತೆ ಮುಟ್ಟಿ ನೋಡುತ್ತಿದ್ದರು. ನಮ್ಮ ಮಗಳು ಹುಟ್ಟಿದಾಗಲೂ ಇಷ್ಟು ಸಲ ಎದ್ದು ನೋಡಿರಲಿಲ್ಲ.

ಆಮೇಲೆ ಹುಡುಕಾಟ. ಹಳದಿ ಚೀಲ ಹೆಗಲಿಗೆ, ಮೊಬೈಲಿನಲ್ಲಿ ಹೂವಿನ ಫೋಟೋ. ತಿಕೋಟಾದ ಹೋಟೆಲು, ಬಬಲೇಶ್ವರದ ಬಸ್ ಸ್ಟ್ಯಾಂಡು, ನಿಡೋಣಿಯ ಕಟ್ಟೆ, ಎಲ್ಲ ಕಡೆ ಗಂಡಸರ ನಡುವೆ ನಿಂತು ಹನ್ನೊಂದು ವರ್ಷದ ಹಿಂದೆ ಈ ಚೀಲ ಯಾರದಾದರೂ ಕಳೆದಿತ್ತೇ ಎಂದು ಕೇಳುವುದು. ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗೆ. ಬಬಲೇಶ್ವರದಲ್ಲಿ ಒಬ್ಬ "ನಂದ ರೀ ಅದು" ಎಂದು ಮುಂದೆ ಬಂದ. ಒಳಗೇನಿತ್ತು ಎಂದರೆ "ನಾಲ್ಕ ರೊಟ್ಟಿ, ಶೇಂಗಾ ಚಟ್ನಿ" ಎಂದನಂತೆ. ಇವರು ನಗದೆ, ಅವನ ರೊಟ್ಟಿಯ ಬಗ್ಗೆಯೂ ಚಿಂತೆ ಹಚ್ಚಿಕೊಂಡು ಬಂದರು.

ಒಂಬತ್ತನೆಯ ದಿನ ನಮ್ಮ ಓಣಿಗೆ ನಳದ ನೀರು ಬಂತು. ಎಂಟು ದಿನಕ್ಕೊಮ್ಮೆ ಬರುವ ನೀರು. ಬಂದ ಕೂಡಲೇ ಬ್ಯಾರಲ್ಲಿನಲ್ಲಿದ್ದ ಹಳೆಯ ನೀರು ತೆಗೆದು ಹೊಸದು ತುಂಬುವುದು ಇಲ್ಲಿನ ಹೆಂಗಸರ ರೂಢಿ. ಹಳೆಯ ನೀರು ಕೆಟ್ಟಿರುವುದಿಲ್ಲ, ಆದರೂ ಹೊಸ ನೀರು ಬಂದ ಮೇಲೆ ಅದು ಯಾರಿಗೂ ಬೇಡ. ಹರಿಯಬಿಡಲು ಜೀವ ಒಪ್ಪುವುದಿಲ್ಲ, ಗಿಡಕ್ಕೆ ಹಾಕುತ್ತೇವೆ, ಪುಣ್ಯ ಬಂತೆಂದುಕೊಳ್ಳುತ್ತೇವೆ. ಇವರು ನಿಡೋಣಿಗೆ ಹೋಗಿದ್ದರು. ಬಿಸಿಲಿಗೆ ಎಲೆಗಳು ಬಾಡಿದ್ದವು. ಕೊಡದ ಮೇಲೆ ಕೊಡ, ಮಡಿ ತುಂಬ ತುಂಬಿಸಿದೆ. ಡಬ್ಬಿಯ ಹತ್ತಿರ ಬರುವಷ್ಟರಲ್ಲಿ ಹಳೆಯ ನೀರು ಮುಗಿಯಿತು.

ನಾಲ್ಕು ದಿನ ಕಳೆದು ಇವರು ಮಡಿಯ ಒಂದು ಗಿಡವನ್ನು ಮುಟ್ಟಿದರು. ಅದು ಬುಡಸಮೇತ ಕೈಗೆ ಬಂತು. ಕೊಳೆತ ಈರುಳ್ಳಿಯ ವಾಸನೆ. ಎರಡನೆಯದೂ ಹಾಗೇ, ಮೂರನೆಯದೂ ಹಾಗೇ.

"ಬ್ಯಾಸಗ್ಯಾಗ ಕಿತ್ತಿದ್ದ ತಪ್ಪಾತು. ನನ್ನ ಕೈಲೇ ಸತ್ತು ಹೋದುವು" ಎಂದು ಅಲ್ಲೇ ಕುಳಿತುಬಿಟ್ಟರು. ಕೊಡಗಟ್ಟಲೆ ನೀರು ಹಾಕಿದ್ದನ್ನು ನಾನು ಮುಚ್ಚಿಟ್ಟೆ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಂಡವನ ಹಾಗೆ ಅಂದಿನಿಂದ ನನಗೆ ಬ್ಯಾರಲ್ಲು ನೋಡಿದರೆ ಮುಖ ಬೆವರುತ್ತಿತ್ತು. ಎರಡು ದಿನ ಅನ್ನ ಸೇರಲಿಲ್ಲ. ಮೂರನೆಯ ದಿನ ಹೇಳಿಬಿಟ್ಟೆ. ಬೈಯುತ್ತಾರೆ ಎಂದುಕೊಂಡಿದ್ದೆ, ಬೈದಿದ್ದರೆ ಚೆನ್ನಾಗಿತ್ತು. "ಹಳೇ ನೀರು ಅಲ್ಲೇನು? ನಮ್ಮವ್ವನೂ ಹಂಗ ಹಾಕ್ತಿದ್ಳು" ಎಂದು ಎದ್ದು ಹೋಗಿ, ಉಳಿದ ಒಂದು ಡಬ್ಬಿಯನ್ನು ಅಡಿಗೆ ಮನೆಯ ಕಿಟಕಿಯ ಮುಂದೆ ತಂದಿಟ್ಟರು. ಅರಫಾತಿನ ದಿನಕ್ಕೆ ಹನ್ನೆರಡು ದಿನ ಇತ್ತು. ಆ ಒಂದು ಗಿಡದ ಎಲೆಯ ತುದಿಯೂ ಹಳದಿಯಾಗತೊಡಗಿತ್ತು.

ಚಮನಸಾಬರ ಫೋನು ದಿನಾ ಬರುತ್ತಿತ್ತು. "ಸಿಕ್ಕರೇನು ದೇವಾ?" ಎಂದು ಈಗ ಅವರು ಕೇಳುವುದು. "ಹುಡುಕಾಕತ್ತೇನಿ" ಎಂದು ಇವರು ಹೇಳುವುದು. ಗಿಡ ಹೇಗಿದೆ ಎಂದರೆ "ಐತಿ" ಎಂದಷ್ಟೇ ಹೇಳಿ ಇಟ್ಟುಬಿಡುತ್ತಿದ್ದರು. ಊಟ ಅರ್ಧವಾಯಿತು, ಬಿ.ಪಿ. ನೂರಾ ಎಪ್ಪತ್ತು ದಾಟಿತು. ನನಗೆ ಭಯವಾಯಿತು, ಇದನ್ನು ಮುಚ್ಚಿಡುವುದಿಲ್ಲ. ಒಂದು ಗಿಡದ ಹಿಂದೆ ಈ ಮನುಷ್ಯ ಹೋಗಿಬಿಟ್ಟರೆ ಅದಕ್ಕೆ ನೀರು ಹಾಕಿದವಳು ನಾನೇ.

ಆಗ ನನಗೆ ಹೊಳೆಯಿತು. ಇವರು ಕೇಳಿದ್ದು ಬರೀ ಗಂಡಸರನ್ನು. ಗಿಡದ ಬುಡವನ್ನು ಒದ್ದೆ ಅರಿವೆಯಲ್ಲಿ ಸುತ್ತಿ ಚೀಲದಲ್ಲಿ ಒಯ್ಯುವವರು ಯಾರು? ಇವರಿಗೆ ಹೇಳದೆ ಹೂವಿನ ಫೋಟೋವನ್ನು ನನ್ನ ಮೊಬೈಲಿಗೆ ಹಾಕಿಕೊಂಡೆ. ಹೋದ ಹೋದ ಊರಲ್ಲಿ ಬಿ.ಪಿ. ನೋಡುತ್ತ, ತೋಳಿಗೆ ಪಟ್ಟಿ ಕಟ್ಟಿದ ಕೂಡಲೇ ಹೆಂಗಸರಿಗೆ ಫೋಟೋ ತೋರಿಸುತ್ತಿದ್ದೆ. ಹತ್ತು ದಿನ ಯಾರೂ ಗುರುತಿಸಲಿಲ್ಲ. ಒಬ್ಬಳು ಯಾವ ಕಂಪನಿಯ ಪ್ಲಾಸ್ಟಿಕ್ ಹೂ ಎಂದಳು.

ಅರಫಾತಿನ ಹಿಂದಿನ ದಿನ ನನಗೆ ನಿಡೋಣಿಯಲ್ಲಿ ಕೆಲಸ. ಸಾಲಿನಲ್ಲಿ ಅರವತ್ತು ದಾಟಿದ ಒಬ್ಬಾಕೆ, ಹೆಸರು ಮಾಳವ್ವ. ಪಟ್ಟಿ ಕಟ್ಟಿ, ಗಾಳಿ ತುಂಬುವ ಮುನ್ನ ಫೋಟೋ ಹಿಡಿದೆ. ಆಕೆ ನೋಡಿದಳು. ತೋಳು ಬಿಗಿಯಾಯಿತು. ಇನ್ನೊಂದು ಕೈಯಿಂದ ನನ್ನ ಮಣಿಕಟ್ಟು ಹಿಡಿದಳು.

"ಬಾಯಾರ, ಇದು ಬದುಕೇತೇನ್ರಿ?"

ಇದು ಏನು, ಎಲ್ಲಿಯದು ಎಂದು ಕೇಳಲಿಲ್ಲ. ಬದುಕಿದೆಯೇ ಎಂದಷ್ಟೇ ಕೇಳಿದಳು. ಆಕೆಯ ಬಿ.ಪಿ. ಆಗ ಎಷ್ಟಿತ್ತೋ, ನಾನು ಬರೆದುಕೊಳ್ಳಲಿಲ್ಲ.

ಇವರಿಗೆ ಫೋನು ಮಾಡಿದೆ. ಎರಡು ತಾಸಿನಲ್ಲಿ ಡಬ್ಬಿಯನ್ನು ಎದೆಗೆ ಅವುಚಿಕೊಂಡು, ಚೀಲ ಹೆಗಲಿಗೆ ಹಾಕಿಕೊಂಡು ಬಸ್ಸಿನಿಂದ ಇಳಿದರು. ಬಿಸಿಲಿಗೆ ಮುಖ ಕಪ್ಪಿಟ್ಟಿತ್ತು. ಮಾಳವ್ವನ ಮನೆಯ ಕಟ್ಟೆಯ ಮೇಲೆ ಡಬ್ಬಿ ಇಟ್ಟು, ನಿಂತುಕೊಂಡೇ ಒಪ್ಪಿಸಿದರು.

"ಯವ್ವಾ, ನಾಲ್ಕು ಇದ್ದುವು. ಮೂರು ನಮ್ಮ ತಪ್ಪಿಗೆ ಸತ್ತುವು. ಇದೊಂದ ಉಳದೈತಿ. ನಿಮ್ಮ ವಸ್ತು ಕಳದು ಹನ್ನೊಂದು ವರ್ಷಾತು. ಆವತ್ತ ನಾನು ಭಾಳ ಕೂಗಿದ್ನಿ, ನಿಮಗ ಕೇಳ್ಲಿಲ್ಲ."

ಮಾಳವ್ವ ಚೀಲದ ಹಿಡಿಕೆಗೆ ತಾನೇ ಹಾಕಿದ್ದ ಕೆಂಪು ದಾರದ ಹೊಲಿಗೆಯನ್ನು ಬೆರಳಿನಿಂದ ಸವರಿದಳು.

"ಕೇಳ್ತು ಯಪ್ಪಾ. ತಿರುಗಿ ನೋಡಿದ್ರ ತಗೋಬೇಕಾಗ್ತಿತ್ತು, ಅದಕ್ಕ ಬಿರಬಿರನೆ ಹೋದ್ನಿ."

"ಯಾಕ ಯವ್ವಾ?" ಎಂದರು ಇವರು.

"ಮಹಾಬಳೇಶ್ವರದಾಗ ಸ್ಟ್ರಾಬೆರಿ ತ್ವಾಟಕ್ಕ ಕೆಲಸಕ್ಕ ಹೋಗಿದ್ನಿ. ಬಂಗಲೆಯ ಅಮ್ಮಾರು ಕೊಟ್ಟಿದ್ದು ಅದು. ಆಸೆ ಮಾಡಿ ತಂದ್ನಿ. ಊರು ಹತ್ರ ಬಂದಂಗ ಎದಿ ಡವಡವ ಅನ್ನಾಕ ಹತ್ತಿತು. ಆವಾಗ ಇಲ್ಲೆ ಕುಡಿಯೂ ನೀರಿಗೇ ಎರಡು ತಾಸು ಕೊಡ ಹಿಡ್ಕೊಂಡು ನಿಂದರಬೇಕಿತ್ತು. ಈಗಿನಂಗ ಕೆರಿ ತುಂಬಿರಲಿಲ್ಲ. ಹೂವಿನ ಗಿಡಕ್ಕ ನೀರು ಹಾಕಿದ್ರ ನಮ್ಮತ್ತಿ ಬಿಡ್ತಿದ್ಳೇನು? ನನ್ನ ಕೈಯಾಗ ಸಾಯೂದು ಬ್ಯಾಡ, ಯಾರ ಕೈಯಾಗರ ಬದುಕಲಿ ಅಂತ ಬಿಟ್ಟಿದ್ನಿ."

"ಬಸ್ಸಿನ್ಯಾಗ ಬಿಟ್ರ ಒಗದ ಬಿಡ್ತಾರಲ್ಲ ಯವ್ವಾ" ಎಂದೆ ನಾನು.

"ಒಗೀತಾರ. ಅದಕ್ಕ ವಿಜಾಪುರ ಸ್ಟ್ಯಾಂಡಿನ್ಯಾಗ ಒಂದು ಬಸ್ ಬಿಟ್ಟು ಈ ಯಪ್ಪನ ಬಸ್ಸಿಗೆ ಕಾದು ಕುಂತಿದ್ನಿ. ಎಲ್ಲಾರೂ ಇಳದ ಮ್ಯಾಲ ಸೀಟಿನ ಬುಡಕ ಬಗ್ಗಿ ನೋಡಾಂವ ಈತ ಒಬ್ಬನ. ಈತನ ಕೈಯಾಗ ಸಿಕ್ರ ಹಾಳಾಗೂದಿಲ್ಲ ಅಂತ ಗೊತ್ತಿತ್ತು."

"ಹಂಗಾರ... ಕಳಕೊಂಡಿದ್ದಲ್ಲೇನು?" ಎಂದರು ಇವರು.

"ಕಳಕೊಂಡಿದ್ದಲ್ಲೋ ಯಪ್ಪಾ. ನಿನಗ ಒಪ್ಪಿಸಿದ್ದು."

ಇವರು ಕಟ್ಟೆಯ ಮೇಲೆ ಕುಳಿತು, ಟವೆ‌ಲ್ಲಿನಲ್ಲಿ ಮುಖ ಮುಚ್ಚಿಕೊಂಡು ಅತ್ತರು. ಇಷ್ಟು ವರ್ಷದ ಸಂಸಾರದಲ್ಲಿ ನಾನು ಅವರು ಅತ್ತದ್ದು ನೋಡಿದ್ದು ಎರಡೇ ಸಲ, ಮೊದಲನೆಯದು ಅವರ ತಾಯಿ ಹೋದಾಗ.

ಚಮನಸಾಬರಿಗೆ ವಿಡಿಯೋ ಕಾಲ್ ಹಚ್ಚಿದೆವು. ಬಿಳಿಯ ಎರಡು ವಸ್ತ್ರದಲ್ಲಿ, ಡೇರೆಯೊಂದರ ಮುಂದೆ ನಮ್ಮ ಡ್ರೈವರ್. ಪಕ್ಕದಲ್ಲಿ ಜುಲೇಖಾ. ಮಾಳವ್ವ ಮೊಬೈಲನ್ನು ಎರಡೂ ಕೈಯಲ್ಲಿ ಹಿಡಿದು, "ನಂದೇನೂ ಬಾಕಿ ಇಲ್ಲೋ ಯಪ್ಪಾ. ಹಗುರಾಗಿ ಹೋಗಿ ಬಾ. ನಿನ್ನ ಹೇಣ್ತಿ ಬದುಕಿಸ್ಯಾಳ, ಆಕಿಗೆ ನಾನ ಋಣಿ ಅದೇನಿ" ಎಂದಳು. ಜುಲೇಖಾಳೇ ಮೊಬೈಲ್ ಇಸಕೊಂಡು ಗಿಡ ತೋರಿಸಿ ಎಂದಳು. ನೋಡಿದ್ದೇ, "ಅಯ್ಯ, ಒಂದ ಐತಲ್ಲ!" ಎಂದಳು. ಹಳೆಯ ನೀರಿನ ಕತೆಯನ್ನು ನಾನೇ ಹೇಳಿದೆ. ಇನ್ನೊಬ್ಬರ ಬಾಯಿಂದ ಕೇಳುವುದಕ್ಕಿಂತ ಅದೇ ವಾಸಿ.

ಮಾಳವ್ವ ಗಿಡ ಇಸಕೊಂಡಳು. ಹಳದಿ ತುದಿಯನ್ನು ಉಗುರಿನಿಂದ ಚಿವುಟಿ, ಒಳಗೆ ಹಸಿರಿದೆ ಎಂದು ನಮಗೆ ತೋರಿಸಿದಳು. ಮಳೆ ಹಿಡಿದ ಮೇಲೆ ಗರಸಿನಲ್ಲಿ ಹಚ್ಚುತ್ತಾಳಂತೆ, ಮರಿ ಹಾಕಿದ ವರ್ಷ ಚಳಿ ಬೀಳುವಾಗ ಮೊದಲನೆಯದು ಜುಲೇಖಾಳಿಗಂತೆ. "ಅಲ್ಲೀತನಾ ಯಾರೂ ಮುಟ್ಟಬ್ಯಾಡ್ರಿ. ನೀವಂತೂ ಬ್ಯಾಡ" ಎಂದು ನನ್ನ ಕಡೆ ನೋಡಿದಳು. ನಾನು ತಲೆ ತಗ್ಗಿಸಿದೆ.

ತಿರುಗಿ ಬರುವಾಗ ಬಸ್ಸು ತುಂಬಿತ್ತು. ಖಾಲಿ ಚೀಲ ಇವರ ತೊಡೆಯ ಮೇಲಿತ್ತು. ಮಾಳವ್ವ ಅದನ್ನು ತಿರುಗಿ ತೆಗೆದುಕೊಂಡಿರಲಿಲ್ಲ. ವಿಜಯಪುರದಲ್ಲಿ ಎಲ್ಲರೂ ಇಳಿದರು, ನಾನೂ ಮೆಟ್ಟಿಲ ಮೇಲೆ ಕಾಲಿಟ್ಟೆ. ಹಿಂದೆ ಇವರು ನಿಂತರು. ಮುಂದಿನ ಸೀಟಿನಿಂದ ಶುರು ಮಾಡಿದರು.

"ಯಜಮಾನ್ರ, ಲಗೂನ ಇಳೀರಿ, ಗಾಡಿ ಡಿಪೋಕ್ಕ ಹೋಗಬೇಕು" ಎಂದ ಕಂಡಕ್ಟರ್.

"ತಡೀಪಾ, ಪೂರಾ ನೋಡ್ಲಿ" ಎಂದು ನಾನು ಬಾಗಿಲಿನ ಸರಳು ಹಿಡಿದು ಮೆಟ್ಟಿಲ ಮೇಲೆಯೇ ನಿಂತೆ.